ಮೊದಲ ಎರಡು ಮಾತು

ನಾಟಕ ಕಂಪನಿಯ ಪ್ರಾಂಪ್ಟರ್ ಮೇಷ್ಟ್ರು ಕುಡಿದ ಅಮಲಿನಲ್ಲಿ ತಾವೇ ಪರದೆಯ ಹಗ್ಗ ಎಳೆದು ಪೈಪು ಮೈಮೇಲೆ ಕೆಡವಿಕೊಂಡು ಸತ್ತರು ಎಂದು ಗಿಳಿ ಎಂಬ ನಟ ಪೊಲೀಸರ ಮುಂದೆ ಹೇಳಿಕೆ ಕೊಟ್ಟ. ಮೇಷ್ಟ್ರು ಕುಡಿಯುತ್ತಿರಲಿಲ್ಲ. ಹಗ್ಗ ಹನ್ನೊಂದು ವರ್ಷ ಹಳೆಯದು. ರಾಟೆಯ ಹತ್ತಿರ ಅದು ನಾರು ನಾರಾಗಿದೆ ಎಂದು ಮೇಷ್ಟ್ರೇ ಮೂರು ಸಲ ಕಂಪನಿಯ ಯಜಮಾನರಿಗೆ ಹೇಳಿದ್ದರು. ಹೇಳಿಕೆಯ ಕೆಳಗೆ ಕಂಪನಿಯ ಹದಿನಾಲ್ಕು ಜನ ಸಹಿ ಹಾಕಿದರು. ಮೊದಲ ಸಹಿ ಗಿಳಿಯದು. ಆ ವಾರವೇ ಮೇಷ್ಟ್ರ ಹೆಂಡತಿ ಮತ್ತು ಮಗಳನ್ನು ಥಿಯೇಟರಿನ ಹಿಂದಿನ ಕೋಣೆಯಿಂದ ಖಾಲಿ ಮಾಡಿಸಲಾಯಿತು.

ಇದಾಗಿ ಇಪ್ಪತ್ತಮೂರು ವರ್ಷ. ಗಿಳಿ ಈಗ ದೊಡ್ಡ ನಟ. ಗೋಡೆಗೋಡೆಯ ಮೇಲೂ ಅವನ ಮುಖವಿದೆ. ಒಂದು ಗೋಡೆಯ ಮುಖ ಇನ್ನೊಂದು ಗೋಡೆಯದನ್ನು ಹೋಲುವುದಿಲ್ಲ. ಪತ್ರಿಕೆಯವರು ಅವನಿಗೆ ಉದ್ದುದ್ದ ಬಿರುದು ಕೊಟ್ಟಿದ್ದಾರೆ. ಗಿಳಿ ಎಂಬ ಹೆಸರು ಉಳಿದಿರುವುದು ಹಳೆಯ ಕಂಪನಿಯ ಮೂರು ನಾಲ್ಕು ಬಾಯಲ್ಲಿ ಮಾತ್ರ. ಈ ಕಥೆಗೆ ಆ ಹೆಸರೇ ಸಾಕು.

ಅವನು ಕಂಪನಿಗೆ ಬಂದದ್ದು ಪರದೆ ಎಳೆಯುವ ಕೆಲಸಕ್ಕೆ. ಹಗ್ಗ ಹಿಡಿದು ನಿಂತಲ್ಲೇ ರಂಗದ ಮೇಲಿನದನ್ನೆಲ್ಲ ಮೈಗೆ ಇಳಿಸಿಕೊಳ್ಳುತ್ತಿದ್ದ. ರಾಜನ ನಡಿಗೆ, ಮುದುಕಿಯ ಗೂನು, ಕಾನ್‌ಸ್ಟೇಬಲ್ಲಿನ ಕೆಮ್ಮು. ಒಂದು ದಿನ ಕಾನ್‌ಸ್ಟೇಬಲ್ ಪಾತ್ರದವನು ನಾಪತ್ತೆಯಾದ. ಮೇಷ್ಟ್ರು ಇವನ ತಲೆಗೆ ಟೋಪಿ ಇಟ್ಟು ರಂಗಕ್ಕೆ ತಳ್ಳಿದರು. ನಡೆಯುವುದೇನೋ ನಡೆದ, ಕೆಮ್ಮುವುದೇನೋ ಕೆಮ್ಮಿದ, ಮಾತು ಮಾತ್ರ ಗಂಟಲು ದಾಟಲಿಲ್ಲ. ಆದರೂ ಜನ ನಕ್ಕರು. ಮಾರನೆಯ ಬೆಳಿಗ್ಗೆ ಮೇಷ್ಟ್ರು ಮಾತಿನ ಹಾಳೆ ಕೊಟ್ಟಾಗ ಅವನು ಅದನ್ನು ನೋಡದೆಯೇ ಮಡಚಿದ.

"ಓದಕ್ಕೆ ಬರಲ್ವೇನೋ?"

"ಬರುತ್ತೆ ಮೇಷ್ಟ್ರೇ. ಅಕ್ಷರ ನಿಲ್ಲಲ್ಲ."

"ಎಲ್ಲಿಗೆ ಹೋಗುತ್ತೆ?"

"ಇರುವೆ ಸಾಲಿಗೆ ನೀರು ಬಿಟ್ಟ ಹಾಗೆ ಆಗುತ್ತೆ."

ಮೇಷ್ಟ್ರು ನಗಲಿಲ್ಲ. ದಾರ ಕಟ್ಟಿದ ಕನ್ನಡಕವನ್ನು ಹಣೆಗೆ ಏರಿಸಿ ಅವನನ್ನೇ ನೋಡಿದರು. "ಅದರ ಪಾಡಿಗೆ ಅದು ಓಡಾಡ್ಲಿ ಬಿಡು. ಕಿವಿ ಇದೆಯಲ್ಲ."

ಅವತ್ತಿನಿಂದ ಥಿಯೇಟರಿನ ಹಿಂದಿನ ಆ ಒಂದೇ ಕೋಣೆಯಲ್ಲಿ ಪಾಠ. ಮೇಷ್ಟ್ರ ಹೆಂಡತಿ ಚಹಾ ಕಾಸುವಳು. ಮಗಳು ಮೂಲೆಯಲ್ಲಿ ಕೂತು ಕಂಪನಿಯ ಬಟ್ಟೆಗಳ ಅಂಚು ಹೊಲಿಯುವಳು. ಮೇಷ್ಟ್ರು ಓದುವರು, ಇವನು ಕೇಳುವನು. ಮೂರು ಸಲ ಕೇಳಿದರೆ ಇಡೀ ನಾಟಕ ಹೊಟ್ಟೆಗೆ ಇಳಿದುಬಿಡುತ್ತಿತ್ತು. ಆದರೆ ಅದು ಹೊರಗೆ ಬರಲು ಯಾರಾದರೂ ತುದಿ ಹಿಡಿದು ಎಳೆಯಬೇಕಿತ್ತು. ತುದಿ ಸಿಕ್ಕರೆ ಸಾಕು, ಉಳಿದದ್ದು ಸೀರೆಯ ಮಡಿಕೆ ಬಿಚ್ಚಿದ ಹಾಗೆ ಸರಸರನೆ ಬರುತ್ತಿತ್ತು. ತುದಿ ಸಿಗದಿದ್ದರೆ ಇವನು ಕಂಬ.

ಹಾಗಾಗಿ ಅವರಿಬ್ಬರ ನಡುವೆ ಒಂದು ಕ್ರಮ ಬೆಳೆಯಿತು. ರಂಗದ ಎಡ ಪಕ್ಕದ ಮರೆಯಲ್ಲಿ ಮೂರು ಕಾಲಿನ ಸ್ಟೂಲಿನ ಮೇಲೆ ಮೇಷ್ಟ್ರು ಕೂರುವರು. ಮಡಿಲಲ್ಲಿ ನಾಟಕದ ಪ್ರತಿ, ಪಕ್ಕದಲ್ಲಿ ತಗಡಿನ ಮರೆ ಕಟ್ಟಿದ ಸಣ್ಣ ಬಲ್ಬು. ಗಿಳಿಯ ಸರದಿ ಬಂದಾಗ ಅವರು ಮೂಗಿನಲ್ಲಿ ಉಸಿರು ಎಳೆದುಕೊಳ್ಳುವರು. ಸಣ್ಣ ಸಿಳ್ಳೆಯಂಥ ಸದ್ದು. ಆಮೇಲೆ ಮೊದಲ ಎರಡು ಮಾತು. ಅಷ್ಟೇ.

"ಮೊದಲ ಎರಡು ನನ್ನದು, ಉಳಿದಿದ್ದು ನಿಂದು" ಎನ್ನುತ್ತಿದ್ದರು. "ಮೂರನೇ ಮಾತಿಗೂ ನನ್ನ ಕಡೆ ಕತ್ತು ಚಾಚಿದ್ಯೋ, ನಾನೇ ಬಣ್ಣ ಹಚ್ಕೊಂಡು ಬರ್ತೀನಿ. ನೀನು ಇಲ್ಲಿ ಕೂತು ಸೊಳ್ಳೆ ಹೊಡಿ."

ಕಂಪನಿಯವರು ಅವನನ್ನು ಗಿಳಿ ಎಂದು ಕರೆದದ್ದು ಅದಕ್ಕೇ. ಅವನಿಗೆ ಬೇಸರವಿರಲಿಲ್ಲ. ನಾಲ್ಕು ವರ್ಷದಲ್ಲಿ ಅವನು ಕುರುಡನಾದ, ಜಡ್ಜಾದ, ಜಿಪುಣ ಮುದುಕನಾದ, ವಿಧವೆಯಾದ. ವಿಧವೆಯಾಗಿ ನಿಂತಾಗ ಮುಂದಿನ ಸಾಲಿನ ಹೆಂಗಸರು ಸೆರಗು ಕಣ್ಣಿಗೆ ಒತ್ತಿಕೊಂಡರು. ಊಟಕ್ಕೆ ಕೂತಾಗ ಉಳಿದ ನಟರು, "ಇವನಿಗೇನು ಬಿಡ್ರಪ್ಪ, ಒಳಗೆ ಛತ್ರ ಕಟ್ಟಿಸಿದಾನೆ, ಯಾರು ಬೇಕಾದ್ರೂ ಬಂದು ಇಳ್ಕೋತಾರೆ" ಎಂದು ಹಲ್ಲು ಕಡಿದುಕೊಂಡೇ ಹೊಗಳುತ್ತಿದ್ದರು.

ಆ ದಿನ ಮಧ್ಯಾಹ್ನದ ಆಟ. ಬಾಗಿಲು ಕಾಯುವವನ ನಾಟಕ. ಕೋಟೆಯ ಹೊರಗೆ ಜನ ಹಸಿದು ಬಾಗಿಲು ಬಡಿಯುತ್ತಿರುತ್ತಾರೆ. ಕಾವಲಿನವನು ಒಳಗಿರುವ ದೊರೆಗೆ ಯಾರೂ ಇಲ್ಲವೆಂದು ಸುಳ್ಳು ಹೇಳುತ್ತಾನೆ. ಗಿಳಿ ಕಾವಲಿನವನು. ಮೇಷ್ಟ್ರಿಗೆ ನೆಗಡಿಯಾಗಿ ಗಂಟಲು ಕಟ್ಟಿತ್ತು. ಮೊದಲ ಅಂಕದಲ್ಲಿ ಎರಡು ಕಡೆ ಗಿಳಿಗೆ ತುದಿ ಕೇಳಿಸದೆ ಅವನು ಮರೆಯ ಕಡೆ ಕಣ್ಣಾಡಿಸಿದ. ಮೇಷ್ಟ್ರು ಅದನ್ನು ನೋಡಿದರು. ಎರಡನೆಯ ಅಂಕಕ್ಕೆ ಮುಂಚೆ ಸ್ಟೂಲನ್ನು ಒಂದೂವರೆ ಮೊಳ ಮುಂದಕ್ಕೆ ಎಳೆದುಕೊಂಡರು. ತಲೆಯ ಮೇಲೆ, ಅರಮನೆಯ ಪರದೆ ಸುತ್ತಿದ ಕಬ್ಬಿಣದ ಪೈಪು ತೂಗುತ್ತಿತ್ತು.

ಗಿಳಿಗೆ ಆ ಹಗ್ಗ ಗೊತ್ತಿತ್ತು. ನಾಲ್ಕು ವರ್ಷದ ಹಿಂದೆ ಅದನ್ನು ಎಳೆದ ಕೈ ಅವನದೇ.

"ಬಾಗಿಲಾಚೆ ಯಾರೂ ಇಲ್ಲ, ಪ್ರಭು" ಎಂದು ಅವನು ಹೇಳಿ ಮುಗಿಸುವುದಕ್ಕೂ ಪೈಪು ಬೀಳುವುದಕ್ಕೂ ಸರಿಹೋಯಿತು. ಧಡ್ ಎಂಬ ಸದ್ದಿಗೆ ಪ್ರೇಕ್ಷಕರು ಬೆಚ್ಚಿ, ಆಮೇಲೆ ಮೆಚ್ಚಿ, ಉಸಿರು ಬಿಗಿಹಿಡಿದರು. ಹೊರಗಿನವರು ಬಾಗಿಲು ಮುರಿಯುತ್ತಿದ್ದಾರೆ ಎಂದುಕೊಂಡರು. ಉಳಿದ ನಟರು ಬಲ ಪಕ್ಕದಲ್ಲಿದ್ದರು, ಎಡ ಮರೆಯ ಒಳಗೆ ಗಿಳಿ ನಿಂತಲ್ಲಿಂದ ಮಾತ್ರ ಕಾಣುತ್ತಿತ್ತು. ಸ್ಟೂಲಿನ ಮೂರು ಕಾಲು ಮೇಲೆ. ಪೈಪಿನ ಕೆಳಗೆ ಮೇಷ್ಟ್ರು. ಕನ್ನಡಕವಿಲ್ಲದ ಎರಡು ಕಣ್ಣು ಇವನನ್ನೇ ನೋಡುತ್ತಿದ್ದವು.

ಅವನು ಆಟ ನಿಲ್ಲಿಸಬಹುದಿತ್ತು. ಕೈ ಎತ್ತಿದರೆ ಸಾಕಿತ್ತು. ಆದರೆ ಉಸಿರು ಕೇಳಿಸಿತು. ಸಣ್ಣ ಸಿಳ್ಳೆ. ಆಮೇಲೆ ಎರಡು ಮಾತು: "ಗಾಳಿಗೂ ಕೈ..."

"ಗಾಳಿಗೂ ಕೈ ಬಂದಿದೆ ಪ್ರಭು, ಅದು ಹೀಗೆಯೇ ಬಡಿಯುತ್ತದೆ" ಎಂದ ಗಿಳಿ.

ಹನ್ನೊಂದು ನಿಮಿಷ. ಪ್ರತಿ ಸರದಿಗೂ ಉಸಿರು ಬಂತು, ಎರಡು ಮಾತು ಬಂತು, ಉಳಿದದ್ದನ್ನು ಇವನು ಹೇಳಿದ. ಅಂಕದ ಪರದೆ ಬಿದ್ದಾಗ ಚಪ್ಪಾಳೆ ನಿಲ್ಲಲೇ ಇಲ್ಲ. ಮೂರನೆಯ ಸಾಲಿನಲ್ಲಿ ಕೂತಿದ್ದ ಸಿನಿಮಾ ನಿರ್ದೇಶಕನೊಬ್ಬ ಎದ್ದು ನಿಂತಿದ್ದ. ಅಷ್ಟು ಭಯವನ್ನು ಒಂದು ಮುಖದ ಮೇಲೆ ಅವನು ಎಂದೂ ನೋಡಿರಲಿಲ್ಲವಂತೆ.

ಎಲ್ಲರೂ ಸೇರಿ ಪೈಪು ಎತ್ತುವಾಗ ಮೇಷ್ಟ್ರಲ್ಲಿ ಉಸಿರಿರಲಿಲ್ಲ. ಯಜಮಾನರು ಕರೆಸಿದ ಡಾಕ್ಟರು, "ಬಿದ್ದ ಕೂಡಲೇ ಹೋಗಿದಾರೆ, ಒಂದು ಕ್ಷಣವೂ ಇದ್ದಿರಲಾರರು" ಎಂದರು. ಸುತ್ತ ನಿಂತವರು ಸದ್ಯ ನರಳಲಿಲ್ಲವಲ್ಲ ಎಂದು ನಿಟ್ಟುಸಿರಿಟ್ಟರು. ಎಲ್ಲರಿಗಿಂತ ದೊಡ್ಡ ನಿಟ್ಟುಸಿರು ಗಿಳಿಯದು. ಕೂಡಲೇ ಸತ್ತಿದ್ದರೆ, ಮಾತು ಕೊಟ್ಟದ್ದು ದೆವ್ವ. ಸತ್ತಿರದಿದ್ದರೆ, ಹನ್ನೊಂದು ನಿಮಿಷ ಅವರನ್ನು ಸಾಯಲು ಬಿಟ್ಟದ್ದು ಇವನು. ಎರಡರಲ್ಲಿ ದೆವ್ವವೇ ವಾಸಿ ಎಂದು ಅವನು ಆ ಗಳಿಗೆಯಲ್ಲೇ ಆರಿಸಿಕೊಂಡ.

ಸಂಜೆಯ ಹೊತ್ತಿಗೆ ಪೊಲೀಸರು ಬಂದರು. ಟಿಕೆಟ್ ಕೊಡುವ ಕೋಣೆಯಲ್ಲಿ ಮೇಜು ಹಾಕಿ ಕೂತರು. ಯಜಮಾನರು ಗಿಳಿಯ ಹೆಗಲ ಮೇಲೆ ಕೈ ಇಟ್ಟರು. "ಹತ್ತಿರ ಇದ್ದವನು ನೀನೇ ಅಲ್ವೇನಪ್ಪಾ. ಹೇಳು. ಮೇಷ್ಟ್ರು ಕುಡಿದು..."

ಅಷ್ಟು ಹೇಳಿ ಸುಮ್ಮನಾದರು.

ಗಿಳಿ ಬಾಯಿ ತೆರೆದ. ಮೇಷ್ಟ್ರು ಕುಡಿದು ಬಂದಿದ್ದರು, ಬಾಯಿ ವಾಸನೆ ಹೊಡೆಯುತ್ತಿತ್ತು, ಸ್ಟೂಲಿನಿಂದ ಎರಡು ಸಲ ಜಾರಿದರು, ಏಳಲು ಹೋಗಿ ಹಗ್ಗಕ್ಕೆ ಜೋತುಬಿದ್ದರು. ಸರಸರನೆ ಬಂತು. ಜಾರುವುದನ್ನು ಕೈಯಲ್ಲಿ ತೋರಿಸಿದ ಕೂಡ. ಬರೆದುಕೊಳ್ಳುತ್ತಿದ್ದ ಪೊಲೀಸನ ಕಣ್ಣಲ್ಲಿ ಅನುಮಾನದ ಎಳೆಯೂ ಉಳಿಯಲಿಲ್ಲ. ಉಳಿದ ಹದಿಮೂರು ಜನ ಒಬ್ಬರ ಮುಖ ಒಬ್ಬರು ನೋಡದೆ ಸಹಿ ಹಾಕಿದರು. ಅವರ ಹೆಂಡತಿ ಮಕ್ಕಳು ಮಲಗುತ್ತಿದ್ದದ್ದೂ ಯಜಮಾನರ ಕೋಣೆಗಳಲ್ಲೇ. ಕೂಲಿಯವನನ್ನು ಕೊಲ್ಲಲು ಹಳೆಯ ಹಗ್ಗ ಸಾಕು, ಸತ್ತವನ ಬಾಯಿಗೆ ಬಾಟಲಿ ಇಡಲು ಮಾತ್ರ ಹದಿನಾಲ್ಕು ಕೈ ಬೇಕಾಯಿತು.

ಮುಂದಿನದು ಎಲ್ಲರಿಗೂ ಗೊತ್ತಿರುವ ಕಥೆ. ಮೂರನೆಯ ಸಾಲಿನ ನಿರ್ದೇಶಕ ಕರೆಸಿಕೊಂಡ. ಮೊದಲ ಸಿನಿಮಾದಲ್ಲಿ ಒಂದೇ ದೃಶ್ಯ: ಗುಮಾಸ್ತನೊಬ್ಬನಿಗೆ ಫೋನಿನಲ್ಲಿ ಮಗುವಿನ ಸಾವಿನ ಸುದ್ದಿ ಬರುತ್ತದೆ. ಗಿಳಿ ಫೋನು ಹಿಡಿದು ಎಡಗಡೆಗೆ ನೋಡಿದ, ಅಷ್ಟೇ. ಆ ನೋಟಕ್ಕೆ ಎರಡನೆಯ ಸಿನಿಮಾ ಬಂತು, ಅದರಿಂದ ಮೂರನೆಯದು. ತೊದಲುವ ವಕೀಲ, ನಗಿಸುವ ಕಳ್ಳ, ಮಗಳನ್ನು ಮಾರುವ ಅಪ್ಪ, ಮೂವತ್ತಕ್ಕೇ ಎಪ್ಪತ್ತರ ಮುದುಕ. ವರ್ಷಕ್ಕೊಂದು ನಾಟಕವನ್ನೂ ಬಿಡಲಿಲ್ಲ. ಪ್ರಶಸ್ತಿಗಳನ್ನು ಅವನ ಅಕ್ಕ ಗಾಜಿನ ಕಪಾಟಿನಲ್ಲಿ ಜೋಡಿಸಿ, ಜಾಗ ಸಾಲದೆ ಪಾತ್ರೆಗಳ ಪಕ್ಕಕ್ಕೂ ತಂದಳು. ಇಷ್ಟು ಬಗೆಯ ಜನ ನಿಮ್ಮೊಳಗೆ ಹೇಗೆ ಬರುತ್ತಾರೆ ಎಂದು ಪತ್ರಿಕೆಯವರು ಕೇಳಿದರೆ, "ಯಾರೋ ಹೇಳಿಕೊಡ್ತಾರೆ, ನಾನು ಹೇಳ್ತೀನಿ" ಎನ್ನುತ್ತಿದ್ದ. ಅವರು ಅದನ್ನು ವಿನಯ ಎಂದು ಬರೆದುಕೊಂಡರು.

ಅದು ವಿನಯವಾಗಿರಲಿಲ್ಲ. ನಿಜವಾಗಿಯೂ ಹೇಳಿಕೊಡುತ್ತಿದ್ದರು.

ಸ್ಟುಡಿಯೋದ ಬೆಳಕಿನಲ್ಲಿ, ನೂರು ಜನರ ಮಧ್ಯೆ, ಅವನ ಸರದಿಗೆ ಮುಂಚೆ ಎಡಗಿವಿಯ ಹತ್ತಿರ ಆ ಉಸಿರು ಬರುತ್ತಿತ್ತು. ಸಿಳ್ಳೆಯಂಥದು, ನೆಗಡಿಯಾದ ಮೂಗಿನದು. ಆಮೇಲೆ ಎರಡು ಮಾತು. ಮೊದಮೊದಲು ಮೈ ನಡುಗಿತು. ಆಮೇಲೆ ಅದು ಬರುವುದು ತಡವಾದರೆ ನಡುಗತೊಡಗಿತು.

ಮೊದಲು ಅದನ್ನು ಹಿಡಿದವನು ಸೌಂಡಿನವನು. ಡಬ್ಬಿಂಗ್ ಕೋಣೆಯ ಗಾಜಿನ ಆಚೆಯಿಂದ ಹೆಡ್‌ಫೋನ್ ಸರಿಸಿ, "ಸಾರ್, ಮಾತಿಗೆ ಮುಂಚೆ ಸಿಳ್ಳೆ ಹೊಡೆದ ಹಾಗೆ ಉಸಿರು ಎಳ್ಕೋತೀರಲ್ಲ, ಸ್ವಲ್ಪ ತಡ್ಕೊಳ್ಳಿ" ಎಂದ.

"ನಾನು ಎಳ್ಕೊಂಡಿಲ್ಲ."

"ಮತ್ತೆ ನಾನಾ? ಇಲ್ಲಿ ನಾನೂ ನೀವೂ ಗೋಡೆಗೆ ಹೊಡೆದಿರೋ ಈ ದಿಂಬೂ ಬಿಟ್ರೆ ಯಾರಿದಾರೆ?"

ಮತ್ತೆ ಮಾಡಿದರು. ಮತ್ತೆ ಬಂತು. ಮೈಕು ಬದಲಾಯಿಸಿದರು, ಕೋಣೆ ಬದಲಾಯಿಸಿದರು. ಕೊನೆಗೆ ಸೌಂಡಿನವನು ಕೇಳುವುದನ್ನು ಬಿಟ್ಟು, ಬ್ಲೇಡು ತೆಗೆದುಕೊಂಡು ಟೇಪಿನಿಂದ ಉಸಿರುಗಳನ್ನು ಒಂದೊಂದಾಗಿ ಕತ್ತರಿಸಿದ. ಆಮೇಲೆ ಎಲ್ಲ ಸಿನಿಮಾಕ್ಕೂ ಅದೇ ಕೆಲಸ. ಕತ್ತರಿಸಿದ ತುಂಡುಗಳನ್ನು ಬಿಸ್ಕತ್ತಿನ ಡಬ್ಬದಲ್ಲಿ ಹಾಕಿಡುತ್ತಿದ್ದ. ಒಂದು ದಿನ ಡಬ್ಬ ಅಲ್ಲಾಡಿಸಿ ತೋರಿಸಿದ. "ನೋಡಿ ಸಾರ್, ಇಷ್ಟನ್ನೂ ಜೋಡಿಸಿದ್ರೆ ಒಬ್ಬ ಮನುಷ್ಯ ಆರಾಮಾಗಿ ಬದುಕಬಹುದು."

ಅವನು ತಮಾಷೆಗೆ ಹೇಳಿದ. ಗಿಳಿ ಹೊರಗೆ ಹೋಗಿ ಗೋಡೆ ಹಿಡಿದು ನಿಂತ.

ಮನೆಯಲ್ಲಿ ಉಸಿರು ಬರುತ್ತಿರಲಿಲ್ಲ. ಹಾಗಾಗಿ ಮನೆಯಲ್ಲಿ ಅವನಿಗೆ ಮಾತೂ ಇರಲಿಲ್ಲ. "ಪರದೆ ಮೇಲೆ ಅಷ್ಟು ಮಾತಾಡ್ತೀಯ, ಇಲ್ಲಿ ಉಪ್ಪು ಬೇಕಾ ಅಂದ್ರೂ ಕತ್ತು ಅಲ್ಲಾಡಿಸ್ತೀಯ" ಎಂದು ಅಕ್ಕ ರೇಗುವಳು. "ಟಿಕೆಟ್ ತಗೊಂಡು ಬರ್ಲಾ, ಆಗಲಾದ್ರೂ ನನ್ನ ಜೊತೆ ನಾಲ್ಕು ಮಾತಾಡ್ತೀಯೇನು?" ಅವನು ನಗುವನು. ಅಪ್ಪ ಅಮ್ಮ ಹೋದ ಮೇಲೆ ಎತ್ತಿ ಬೆಳೆಸಿದವಳು ಅವಳು. ಮದುವೆ ಮಾತು ಎತ್ತಿ ಎತ್ತಿ ಸೋತು, ಈಗ ತಮ್ಮನ ಬಟ್ಟೆಗೆ ಇಸ್ತ್ರಿ ಹಾಕುವುದರಲ್ಲೇ ಸಿಟ್ಟು ತೀರಿಸಿಕೊಳ್ಳುತ್ತಿದ್ದಳು.

ಇಪ್ಪತ್ತಮೂರನೆಯ ವರ್ಷ ಯಜಮಾನರು ಮನೆಗೆ ಬಂದರು. ಕಂಪನಿ ಮುಚ್ಚಿ ಅವರು ಸಿನಿಮಾ ನಿರ್ಮಾಪಕರಾಗಿ ಬಹಳ ಕಾಲವಾಗಿತ್ತು. ಕೈಯಲ್ಲಿ ಬೆಳ್ಳಿ ಹಿಡಿಯ ಕೋಲು, ಹಿಂದೆ ನಿರ್ದೇಶಕನಾದ ಅಳಿಯ, ಅವನ ಹಿಂದೆ ಕ್ಯಾಮೆರಾ ಹಿಡಿದ ಪತ್ರಿಕೆಯವನು.

"ನಿನ್ನ ಕಥೆನೇ ಸಿನಿಮಾ ಮಾಡ್ತಿದೀನಿ ಕಣಪ್ಪಾ" ಎಂದರು ಯಜಮಾನರು. "ಪರದೆ ಎಳೆಯೋನು ಪರದೆ ಆಳಿದ ಕಥೆ. ನೀನಾಗಿ ನೀನೇ. ಅದರ ಜೊತೆಗೆ ಮೇಷ್ಟ್ರಾಗಿಯೂ ನೀನೇ. ಡಬಲ್ ರೋಲು."

"ಮೇಷ್ಟ್ರ ಪಾತ್ರ ಜನಕ್ಕೆ ಹಿಡಿಸುತ್ತೆ ಸಾರ್" ಎಂದ ಅಳಿಯ. "ಕುಡುಕ, ಆದ್ರೆ ಹೃದಯ ಚಿನ್ನ. ನಗಿಸ್ತಾ ನಗಿಸ್ತಾ ಹಗ್ಗ ಎಳ್ಕೊಂಡು ಹೋಗಿಬಿಡ್ತಾನೆ. ಅಲ್ಲಿ ಇಂಟರ್‌ವಲ್."

ಚಹಾ ತಂದ ಅಕ್ಕ ಬಾಗಿಲಲ್ಲೇ ನಿಂತಳು. ಯಜಮಾನರು ಪತ್ರಿಕೆಯವನ ಕಡೆ ತಿರುಗಿ, ಗಿಳಿಯ ಹೆಗಲ ಮೇಲೆ ಕೈ ಇಟ್ಟು, "ಹೇಳಪ್ಪಾ. ನನ್ನ ಗುರುಗಳಿಗೆ..." ಎಂದು ನಿಲ್ಲಿಸಿದರು.

"ನನ್ನ ಗುರುಗಳಿಗೆ ಇದು ನನ್ನ ಕಾಣಿಕೆ. ಅವರ ಪಾತ್ರ ಮಾಡೋ ಪುಣ್ಯ ನನಗೇ ಸಿಕ್ಕಿದೆ" ಎಂದಿತು ಗಿಳಿಯ ಬಾಯಿ.

ಅವರು ಹೋದ ಮೇಲೆ ಅಕ್ಕ ಲೋಟಗಳನ್ನು ಎತ್ತುತ್ತ ಕೇಳಿದಳು. "ಮೇಷ್ಟ್ರು ಕುಡೀತಿದ್ರೇನೋ? ಇಷ್ಟು ವರ್ಷ ನನಗೆ ಹೇಳೇ ಇಲ್ವಲ್ಲ."

ಗಿಳಿ ಕತ್ತು ಅಲ್ಲಾಡಿಸಿದ. ಹೌದೋ ಅಲ್ಲವೋ ಅವಳಿಗೆ ತಿಳಿಯಲಿಲ್ಲ. ಅವಳು ಲೋಟಗಳನ್ನು ಹಾಗೇ ಮೇಜಿನ ಮೇಲಿಟ್ಟು ಒಳಗೆ ಹೋದಳು.

ಸಿನಿಮಾಕ್ಕೆ ಮೇಷ್ಟ್ರ ಕೋಟು ಹೊಲಿಯಲು ಕೊಟ್ಟದ್ದು ಯಾರ ಅಂಗಡಿಗೆ ಎಂದು ಗಿಳಿಗೆ ಗೊತ್ತಿರಲಿಲ್ಲ. ಅಳತೆ ಕೊಡಲು ಹೋದ. ಇಕ್ಕಟ್ಟಿನ ಅಂಗಡಿ, ಎರಡು ಮಿಷನ್ನು, ಕಿಟಕಿಗೆ ಒತ್ತಿಟ್ಟ ಉದ್ದನೆಯ ಮೇಜು, ಮೇಜಿನ ಮೇಲೆ ಸೀಮೆಸುಣ್ಣದ ಚೂರುಗಳು. ಕತ್ತಿಗೆ ಟೇಪು ಹಾಕಿಕೊಂಡು ತಿರುಗಿದವಳು ಮೇಷ್ಟ್ರ ಮಗಳು. ಕೂದಲು ಅರ್ಧ ನರೆತಿತ್ತು. ಕಣ್ಣು ಅವರ ಕಣ್ಣೇ.

"ಬನ್ನಿ ಅಣ್ಣ. ಕೈ ಎತ್ತಿ."

ಅವನು ಎತ್ತಿದ. ಅವಳು ಎದೆಯ ಸುತ್ತ ಟೇಪು ಹಾಕಿದಳು, ತೋಳು ಅಳೆದಳು. ಬರೆದುಕೊಳ್ಳಲಿಲ್ಲ.

"ಅಪ್ಪನ ಅಳತೆ ನನಗೆ ಬಾಯಿಪಾಠ. ನೀವು ಎಷ್ಟು ಹೆಚ್ಚಾಗಿದೀರ ಅಂತ ನೋಡ್ತಿದೀನಿ ಅಷ್ಟೇ" ಎಂದಳು. "ಎಡಗಡೆ ಜೇಬು ಒಳಗೆ ಬೇಕು ಅಂದಿದಾರೆ. ಬಾಟ್ಲಿ ಇಡಕ್ಕಂತೆ. ಅಪ್ಪನಿಗೆ ಆ ಜೇಬಲ್ಲಿ ಶುಂಠಿ ಇರ್ತಿತ್ತು, ಗಂಟಲಿಗೆ."

ಗಿಳಿ ಎತ್ತಿದ್ದ ಕೈ ಇಳಿಸಿದ. ಇಲ್ಲಿ ತುದಿ ಕೊಡುವವರು ಯಾರೂ ಇರಲಿಲ್ಲ.

"ಯಾಕೆ ಒಪ್ಕೊಂಡೆ ಈ ಕೆಲಸ ಅಂತ ಕೇಳ್ಬಹುದು ನೀವು. ಇನ್ನೊಬ್ಬರು ಹೊಲಿದ್ರೆ ಅಪ್ಪನ ಹೆಗಲು ಕೆಡ್ತಿತ್ತು." ಅವಳು ಕೆಳಗಿನ ಡ್ರಾಯರ್ ಎಳೆದು ಬಟ್ಟೆ ಸುತ್ತಿದ ಒಂದು ಪುಸ್ತಕ ತೆಗೆದಳು. ಬಾಗಿಲು ಕಾಯುವವನ ನಾಟಕದ ಪ್ರತಿ. "ಅವತ್ತು ಅಪ್ಪನ ಕೈಯಿಂದ ಇದನ್ನ ಬಿಡಿಸಿದ್ದು ನಾನು. ನಿಮ್ಮನ್ನ ಒಂದು ಕೇಳ್ಬೇಕು ಅಂತ ಇಪ್ಪತ್ತಮೂರು ವರ್ಷದಿಂದ ಇಟ್ಕೊಂಡಿದೀನಿ. ಒಂದೇ ಒಂದು. ಪೈಪು ಬಿದ್ದಾಗ ನೀವು ಯಾವ ಮಾತು ಹೇಳ್ತಿದ್ರಿ?"

ಮಿಷನ್ನಿನ ಪಕ್ಕದ ಬಾಗಿಲಾಚೆ ರಸ್ತೆಯ ಸದ್ದು ಇತ್ತು. ಗಿಳಿ ಬಾಗಿಲ ಕಡೆ ನೋಡಿದ. ಆಮೇಲೆ ಅದು ಒಂದೊಂದೇ ಮಾತಾಗಿ, ಕಲ್ಲು ಎತ್ತಿ ಎತ್ತಿ ಇಟ್ಟ ಹಾಗೆ ಬಂತು. "ಬಾಗಿಲಾಚೆ. ಯಾರೂ. ಇಲ್ಲ. ಪ್ರಭು."

ಅವಳು ಪುಟ ತಿರುವಿದಳು, ಸಾಲು ಹುಡುಕಿ ಬೆರಳಿಟ್ಟಳು. ಆ ಹಾಳೆಯ ಕೆಳಗಿನ ಮೂಲೆಯಲ್ಲಿ ಒಣಗಿದ ರಕ್ತದ ಒಂದು ಕಂದು ಗುರುತು. ಹೆಬ್ಬೆರಳಿನದು. ಹಾಳೆ ಮಗುಚಿದಳು. ಮುಂದಿನ ಮೂಲೆಯಲ್ಲೂ ಇತ್ತು. ಅದರ ಮುಂದೆಯೂ. ಒಂದಕ್ಕಿಂತ ಒಂದು ಮಸುಕು. ನಾಲ್ಕನೆಯ ಹಾಳೆಯಲ್ಲಿ, ಅಂಕ ಮುಗಿಯುವ ಸಾಲಿನ ಪಕ್ಕ, ಬೆರಳು ಎಳೆದುಕೊಂಡು ಹೋದ ಗೆರೆ. ಆಮೇಲಿನ ಹಾಳೆಗಳು ಬಿಳಿ.

"ಕೂಡಲೇ ಹೋದ್ರು ಅಂದ್ರಲ್ಲ ಡಾಕ್ಟರು" ಎಂದಳು ಅವಳು. ಅವಳ ದನಿ ಏರಲಿಲ್ಲ. "ಮೂರು ಹಾಳೆ ಮಗುಚಿದಾರೆ ಅಣ್ಣ. ಒಂದೊಂದು ಮಾತಿಗೂ ಸರಿಯಾಗಿ. ಕುಡಿದವರ ಕೈ ಇದು?"

ಗಿಳಿ ಬಾಗಿಲ ಹೊಸ್ತಿಲ ಮೇಲೆ ಕೂತುಬಿಟ್ಟ. ಇಪ್ಪತ್ತಮೂರು ವರ್ಷ ಅವನು ದೆವ್ವದ ನೆರಳಲ್ಲಿ ಆರಾಮಾಗಿದ್ದ. ಆ ಹನ್ನೊಂದು ನಿಮಿಷ ದೆವ್ವ ಇರಲೇ ಇಲ್ಲ. ಎದೆಯ ಮೇಲೆ ಕಬ್ಬಿಣ ಹೊತ್ತುಕೊಂಡು ಒಬ್ಬ ಮನುಷ್ಯ ಉಸಿರು ಎಳೆದಿದ್ದ, ಇವನ ಮಾತು ನಿಲ್ಲಬಾರದೆಂದು.

"ಸ್ಟೂಲು ಮುಂದಕ್ಕೆ ಹಾಕ್ಕೊಂಡಿದ್ದು ನನಗೋಸ್ಕರ" ಎಂದ. ಅದು ಯಾರೂ ತುದಿ ಕೊಡದೆ ಬಂದ ಮಾತು. "ನನಗೆ ಕೇಳಿಸ್ತಿರ್ಲಿಲ್ಲ."

ಅವಳು ಪುಸ್ತಕವನ್ನು ಮತ್ತೆ ಬಟ್ಟೆಯಲ್ಲಿ ಸುತ್ತಿದಳು. ಸಮಾಧಾನ ಹೇಳಲಿಲ್ಲ, ಬೈಯಲೂ ಇಲ್ಲ. "ಕೋಟು ಗುರುವಾರ ಕೊಡ್ತೀನಿ" ಎಂದಳು.

ಚಿತ್ರೀಕರಣ ಹಳೆಯ ಥಿಯೇಟರಿನಲ್ಲೇ ಇತ್ತು. ಕುರ್ಚಿಗಳ ಧೂಳು ಒರೆಸಿದ್ದರು. ಎಡ ಪಕ್ಕದ ಮರೆಯಲ್ಲಿ ಮೂರು ಕಾಲಿನ ಸ್ಟೂಲು, ತಗಡಿನ ಮರೆಯ ಬಲ್ಬು, ಎಲ್ಲ ಇದ್ದ ಹಾಗೆಯೇ. ಮೇಲೆ ಪೈಪು ತೂಗುತ್ತಿತ್ತು. ಅದನ್ನು ಹಿಡಿದದ್ದು ಹೊಸ ನೈಲಾನ್ ಹಗ್ಗ. ಚಹಾ ಬಣ್ಣ ಬಳಿದು ಅದನ್ನು ಹಳೆಯದು ಮಾಡಿದ್ದರು. ಅದೂ ಸಾಲದೆಂದು ಕ್ಯಾಮೆರಾಕ್ಕೆ ಕಾಣದ ಹಾಗೆ ಎರಡು ಉಕ್ಕಿನ ತಂತಿ.

"ಟ್ರಕ್ಕು ನೇತುಹಾಕಿದ್ರೂ ಬೀಳಲ್ಲ ಸಾರ್" ಎಂದು ಅಳಿಯ ತಂತಿ ಎಳೆದು ತೋರಿಸಿದ. "ನಿಮ್ಮ ಜೀವ ಅಂದ್ರೆ ಹುಡುಗಾಟನಾ."

ಗಿಳಿ ಕತ್ತೆತ್ತಿ ಎರಡು ತಂತಿಗಳನ್ನೂ ನೋಡಿದ. ಆಮೇಲೆ ಸ್ಟೂಲಿನ ಮೇಲೆ ಕೂತ. ಕೋಟು ಮೈಗೆ ಸರಿಯಾಗಿ ಕೂತಿತ್ತು. ಮೇಷ್ಟ್ರ ಮಗಳು ಮರೆಯ ಆ ತುದಿಯಲ್ಲಿ, ಬಾಯಲ್ಲಿ ಸೂಜಿ ಕಚ್ಚಿಕೊಂಡು, ಕಾವಲಿನವನ ಅಂಗಿಗೆ ಗುಂಡಿ ಹಾಕುತ್ತಿದ್ದಳು. ಯಾರೋ ಬಂದು ಗಿಳಿಯ ಕೈಗೆ ಬಾಟಲಿ ಕೊಟ್ಟರು. ಕೆಳಗೆ, ಪ್ರೇಕ್ಷಕರ ಮೊದಲ ಸಾಲಿನಲ್ಲಿ, ಯಜಮಾನರು ಕೋಲಿನ ಮೇಲೆ ಎರಡೂ ಕೈ ಇಟ್ಟು ಕೂತಿದ್ದರು. ಸೌಂಡಿನವನು ಹೆಡ್‌ಫೋನ್ ಹಾಕಿಕೊಂಡು ತಲೆಯಾಡಿಸಿದ.

ಮಾತು ಸಣ್ಣದು. ಮೇಷ್ಟ್ರು ತೂರಾಡುತ್ತ ಎದ್ದು, ಬಾಟಲಿ ಎತ್ತಿ, "ಒಂದು ಗುಟುಕು ಹೆಚ್ಚಾಯ್ತು ಕಣೋ ಗಿಳಿ, ಇನ್ನು ನೀನೇ ಹೇಳ್ಕೋ" ಎಂದು ಹಗ್ಗಕ್ಕೆ ಜೋತುಬೀಳಬೇಕು.

"ಆ್ಯಕ್ಷನ್" ಎಂದ ಅಳಿಯ.

ಗಿಳಿ ಎಡಗಿವಿ ಕೊಟ್ಟು ಕಾದ. ಇಪ್ಪತ್ತಮೂರು ವರ್ಷದಲ್ಲಿ ಒಮ್ಮೆಯೂ ತಪ್ಪದ್ದು ಅದು. ಬಲ್ಬಿನ ಬೆಳಕು ಮಡಿಲಿನ ಮೇಲೆ ಬಿದ್ದಿತ್ತು. ಕ್ಯಾಮೆರಾ ಓಡುತ್ತಿತ್ತು. ಉಸಿರು ಬರಲಿಲ್ಲ.

ಸೌಂಡಿನವನು ಒಂದು ಕಿವಿಯ ಹೆಡ್‌ಫೋನ್ ಎತ್ತಿ, ನಂಬಲಾಗದವನಂತೆ ಗಿಳಿಯನ್ನು ನೋಡಿದ. "ಇವತ್ತು ಏನೂ ಇಲ್ಲ ಸಾರ್" ಎಂದ, ಮೆಲ್ಲಗೆ. "ಸಿಳ್ಳೆನೇ ಇಲ್ಲ."

ಅಳಿಯನಿಗೆ ಅರ್ಥವಾಗಲಿಲ್ಲ. ದೊಡ್ಡ ನಟ ಮಾತು ಮರೆತಿದ್ದಾನೆ ಎಂದುಕೊಂಡ. ಕ್ಯಾಮೆರಾದ ಹಿಂದಿನಿಂದ ಎತ್ತಿಕೊಟ್ಟ. "ಒಂದು ಗುಟುಕು..."

ಗಿಳಿಯ ಬಾಯೊಳಗೆ ಉಳಿದದ್ದು ಸಾಲಾಗಿ ನಿಂತಿತ್ತು. ಒಂದು ಜಗ್ಗು ಜಗ್ಗಿದರೆ ಸಾಕಿತ್ತು. ಅವನು ಹಲ್ಲು ಕಚ್ಚಿದ.

"ಸಾರ್. ಒಂದು ಗುಟುಕು..."

ಯಜಮಾನರು ಎದ್ದರು. ಕೋಲೂರುತ್ತ ಮೆಟ್ಟಿಲು ಹತ್ತಿ ಬಂದು ಅವನ ಹೆಗಲ ಮೇಲೆ ಕೈ ಇಟ್ಟರು. ಅದೇ ಹೆಗಲು, ಅದೇ ಭಾರ. "ಸುಸ್ತಾಗಿದೆ ಅಷ್ಟೇ. ಹೇಳ್ತಾನೆ. ಹೇಳಪ್ಪಾ, ಒಂದು ಗುಟುಕು..."

ಅಷ್ಟು ಹೇಳಿ ಸುಮ್ಮನಾದರು. ಕಾದರು.

"ಮೇಷ್ಟ್ರು ಕುಡೀತಿರ್ಲಿಲ್ಲ" ಎಂದ ಗಿಳಿ.

ಗುಂಡಿ ಹೊಲಿಯುತ್ತಿದ್ದ ಕೈ ನಿಂತಿತು. ಯಜಮಾನರ ಕೈ ಮಾತ್ರ ಕದಲಲಿಲ್ಲ. ಬಗ್ಗಿ, ಅವನೊಬ್ಬನಿಗೇ ಕೇಳುವ ಹಾಗೆ, ಅವರು ನಯವಾಗಿಯೇ ಹೇಳಿದರು. "ಬರೆಸಿದ್ದು ನೀನು. ಮೊದಲ ಸಹಿ ನಿಂದು. ಈಗ ಬಾಯಿ ಬಿಟ್ರೆ ಇಪ್ಪತ್ತಮೂರು ವರ್ಷದ ಈ ಅರಮನೆ ಯಾರ ತಲೆ ಮೇಲೆ ಬೀಳುತ್ತೆ, ಯೋಚನೆ ಮಾಡು."

"ಸುಳ್ಳು ನಂದೇ" ಎಂದ ಗಿಳಿ. ಅವನು ದನಿ ತಗ್ಗಿಸಲಿಲ್ಲ. ಕೊನೆಯ ಸಾಲಿನವರಿಗೂ ಕೇಳಿಸುವ ಹಾಗೆ ಹೇಳುವುದನ್ನು ಅವನಿಗೆ ಕಲಿಸಿದವರು ಇದೇ ಸ್ಟೂಲಿನ ಮೇಲೆ ಕೂತಿದ್ದರು. "ಅವರು ಹನ್ನೊಂದು ನಿಮಿಷ ಬದುಕಿದ್ರು. ನಾನು ನೋಡ್ತಾ ಇದ್ದೆ, ನಿಲ್ಲಿಸ್ಲಿಲ್ಲ. ಅದೂ ನಂದೇ. ಹಗ್ಗ ನಿಮ್ದು."

ಸೌಂಡಿನವನು ಎತ್ತಿದ್ದ ಹೆಡ್‌ಫೋನನ್ನು ಮತ್ತೆ ಕಿವಿಗೆ ಒತ್ತಿಕೊಂಡ.

"ಸಾರ್, ಬೆಳಕು ಹೋಗುತ್ತೆ" ಎಂದ ಅಳಿಯ, ಏನು ಹೇಳಬೇಕೆಂದು ತೋಚದೆ. "ಮೊದಲು ಶಾಟ್ ಮುಗಿಸೋಣ. ಆಮೇಲೆ ಕೂತು ಮಾತಾಡಿ. ಬಾಟ್ಲಿ ಎತ್ಕೊಂಡು ಏಳಿ ಸಾರ್."

ಗಿಳಿ ಬಾಟಲಿಯನ್ನು ನೆಲದ ಮೇಲಿಟ್ಟ. ಕೋಟಿನ ಒಳಜೇಬಿಗೆ ಕೈ ಹಾಕಿದ. ತಳದಲ್ಲಿ ಏನೋ ಗಟ್ಟಿಯಾದದ್ದು ಬೆರಳಿಗೆ ಸಿಕ್ಕಿತು. ಒಣ ಶುಂಠಿಯ ಒಂದು ಚೂರು. ಅದನ್ನು ಮುಷ್ಟಿಯಲ್ಲಿ ಹಿಡಿದು ಮಡಿಲಿನ ಮೇಲಿಟ್ಟುಕೊಂಡ.

"ಏಳು" ಎಂದರು ಯಜಮಾನರು. ದನಿಯಲ್ಲಿ ಈಗ ನಯವಿರಲಿಲ್ಲ.

ಅವನು ಸ್ಟೂಲನ್ನು ಒಂದೂವರೆ ಮೊಳ ಹಿಂದಕ್ಕೆ, ಅದು ಇರಬೇಕಾಗಿದ್ದ ಜಾಗಕ್ಕೆ ಎಳೆದುಕೊಂಡು, ಸರಿಯಾಗಿ ಕೂತ.

"ಏಳಲ್ಲ" ಎಂದ.